ಎರವಲು ಕಿವಿ

ನಮ್ಮ ಹಾಸ್ಯಗಾರರು ಎದುರಿಗಿದ್ದವರ ಕಣ್ಣು ನೋಡಿ ಮಾತಾಡುತ್ತಿರಲಿಲ್ಲ, ಬಾಯಿ ನೋಡುತ್ತಿದ್ದರು. ಹಲ್ಲಿನ ಸಂದಿಯಲ್ಲಿ ಸಿಕ್ಕಿಬಿದ್ದ ಮೀನಿನ ಮುಳ್ಳನ್ನು ಹುಡುಕುವವರ ಹಾಗೆ, ರೆಪ್ಪೆ ಹೊಡೆಯದೆ ನೋಡುತ್ತಿದ್ದರು. ಹೊಸಬರು ಸುಮ್ಮಸುಮ್ಮನೆ ತುಟಿ ಒರೆಸಿಕೊಳ್ಳುತ್ತಿದ್ದರು. ಎಲೆಯಡಿಕೆ ಹಾಕಿದವರು ಎದ್ದು ಹೋಗಿ ಉಗುಳಿ ಬರುತ್ತಿದ್ದರು. ನನಗಂತೂ ದೊಡ್ಡ ಸಂಕಟ. ನನ್ನ ಮೇಲಿನ ಎರಡು ಹಲ್ಲು ಎಂಥವೆಂದರೆ, ನಾನು ಒಂದು ಊರಿಗೆ ಹೊರಟರೆ ಅವು ನನಗಿಂತ ಮೊದಲು ಮುಟ್ಟಿ ಜಾಗ ಹಿಡಿದಿಡುತ್ತವೆ. ಆ ಹಲ್ಲಿನ ಮೇಲೆ ಅವರ ಕಣ್ಣು ನಿಂತಾಗ, ಊರಿನವರನ್ನೆಲ್ಲ ಅಣಕಿಸುವ ನನಗೂ ಕೈಯಿಂದ ಬಾಯಿ ಮುಚ್ಚಿಕೊಳ್ಳೋಣ ಅನ್ನಿಸುತ್ತಿತ್ತು.

ಕೈ ಅಡ್ಡ ತಂದರೆ ಅವರು ಕೈಯನ್ನು ಮೆಲ್ಲಗೆ ಕೆಳಗಿಳಿಸುತ್ತಿದ್ದರು. "ಬಾಗಿಲು ಹಾಕಬ್ಯಾಡ ಮಾರಾಯಾ, ಒಳಗೆ ಎಂತ ಇದ್ದದೆ ನೋಡುವಾ." ಇದನ್ನು ನಾನು ತಮಾಷೆ ಎಂದೇ ತಿಳಿದಿದ್ದೆ. ಎಲ್ಲರೂ ಹಾಗೇ ತಿಳಿದಿದ್ದರು.

ಅವರು ಯಕ್ಷಗಾನದ ಡೇರೆ ಮೇಳದ ಹಾಸ್ಯಗಾರರು. ನಾನು ಆಗ ಹೊನ್ನಾವರದ ಮೋಟಾರ್ ಸ್ಟ್ಯಾಂಡಿನಲ್ಲಿ ಟಿಕೆಟು ಬರೆಯುವ ಏಜೆಂಟ. ಶರಾವತಿಗೆ ಸೇತುವೆ ಆಗ ಇರಲಿಲ್ಲ, ಇದನ್ನು ಬರೆಯುವಾಗಲೂ ಇಲ್ಲ. ಕುಮಟೆಯಿಂದ ಬಂದ ಮೋಟಾರು ನಮ್ಮಲ್ಲಿಗೆ ನಿಲ್ಲುತ್ತದೆ. ಜನ ಲಾಂಚಿನಲ್ಲಿ ತಾರಿ ದಾಟಿ ಆಚೆ ದಡದಲ್ಲಿ ಭಟ್ಕಳದ ಮೋಟಾರು ಹತ್ತುತ್ತಾರೆ. ಲಾಂಚು ಬರುವ ತನಕ ಜನರಿಗೆ ಮಾಡಲು ಕೆಲಸವಿಲ್ಲ, ನನಗೆ ಅವರನ್ನು ನೋಡುವುದಲ್ಲದೆ ಬೇರೆ ಕೆಲಸವಿಲ್ಲ. ಹಾಗೆ ಕಲಿತ ವಿದ್ಯೆ ಅಣಕ. ಚೀಟಿ ಬರೆಯುವಾಗ ಪೆನ್ನಿನಿಂದ ಕಿವಿ ಕೆರೆದುಕೊಳ್ಳುವ ಡಾಕ್ಟರು, ಬಟ್ಟೆಯ ಗಂಟು ಎತ್ತುವ ಮೊದಲು ಮೂರು ಸಲ ನಿಟ್ಟುಸಿರು ಬಿಡುವ ಭಟ್ಕಳದ ಸಾಹೇಬರು, ಬೈಯುವಾಗ ಮಾತ್ರ ಶುದ್ಧ ವ್ಯಾಕರಣ ಬಳಸುವ ನನ್ನ ಹಳೆಯ ಮಾಸ್ತರರು, ಎಲ್ಲರೂ ನನ್ನ ಗಂಟಲಲ್ಲಿ ಬಿಡಾರ ಮಾಡಿದ್ದರು. ನನ್ನದೇ ಒಂದು ಧ್ವನಿ ಯಾವುದೆಂದು ಕೇಳಿದರೆ ಮಾತ್ರ ಹುಡುಕಬೇಕಾಗುತ್ತಿತ್ತು.

ಯಕ್ಷಗಾನದಲ್ಲಿ ಹಾಸ್ಯಗಾರನ ಪಾಡು ವಿಚಿತ್ರ. ಪ್ರಸಂಗದಲ್ಲಿ ರಾಜನಿಗೆ ಪದ್ಯ ಇದೆ, ರಾಣಿಗೆ ಇದೆ, ರಾಕ್ಷಸನಿಗೂ ಇದೆ. ದೂತನಾಗಿ, ಅಗಸನಾಗಿ, ಜೋಯಿಸನಾಗಿ ಬರುವ ಹಾಸ್ಯಗಾರನಿಗೆ ಮಾತ್ರ ಇದನ್ನೇ ಆಡು ಎಂದು ಯಾರೂ ಬರೆದಿಟ್ಟಿಲ್ಲ. ಎದುರಿನ ವೇಷಧಾರಿ ಎಸೆದ ಮಾತನ್ನು ಹಿಡಿದು ನಿಂತಲ್ಲೇ ತಿರುಗಿ ಎಸೆಯಬೇಕು. ನಮ್ಮವರಂತೂ ಮೊದಲೇ ಯೋಚಿಸಿಟ್ಟ ಮಾತನ್ನು ತಂಗಳು ಎನ್ನುತ್ತಿದ್ದರು. ಹೊಳೆಯ ಈಚೆ ದಡದಲ್ಲಿ ಒಮ್ಮೆ ಆಡಿದ್ದನ್ನು ಆಚೆ ದಡದಲ್ಲಿ ಇನ್ನೊಮ್ಮೆ ಆಡುತ್ತಿರಲಿಲ್ಲ.

ಆಟವಿದ್ದ ದಿನ ಹಗಲಿಡೀ ಆ ಊರಿನ ಪೇಟೆ ಸುತ್ತುವುದು ಅವರ ರೂಢಿ. ಯಾರ ಎಮ್ಮೆ ಯಾರ ಬೇಲಿ ಹಾರಿತು, ಯಾರ ಸೈಕಲ್ಲಿಗೆ ಬ್ರೇಕಿಲ್ಲ, ಎಲ್ಲ ಅವರಿಗೆ ಬೇಕು. ರಾಜನ ಆಸ್ಥಾನದಲ್ಲಿ ಆ ಎಮ್ಮೆ ಹಾಜರಾದಾಗ ಡೇರೆಯೇ ಕಿತ್ತುಹೋಗುವ ಹಾಗೆ ನಗು. ಹೊನ್ನಾವರದ ಸುದ್ದಿಗೆ ಅವರು ನನ್ನ ಹತ್ತಿರವೇ ಬರುತ್ತಿದ್ದರು. ಅದು ನನ್ನ ಹೆಮ್ಮೆ. ಒಮ್ಮೆ ಅವರನ್ನೇ ಅವರೆದುರು ಅಣಕಿಸಿದೆ: ಕತ್ತು ಮುಂದೆ ಚಾಚಿ ಬಾಯಿ ನೋಡುವುದು, ಬರಿಗಾಲಲ್ಲಿ ನೆಲ ಸವರುವುದು. ಅವರು ಪೂರಾ ನೋಡಿ ಹೇಳಿದರು: "ಎಲ್ಲಾ ಸರಿ ಇತ್ತು. ಆದ್ರೆ ನೀ ಬರೀ ಮಾತಾಡ್ತೆ. ನಾ ಮಾತಾಡೂದಲ್ಲ ಮಾರಾಯಾ, ಕೇಳೂದು. ಕೇಳಿದ್ದೇ ಬಾಯಿಂದ ಹೊರಗೆ ಬೀಳ್ತದೆ."



ಆ ಕಾಲದಲ್ಲಿ ನನ್ನದೊಂದು ಕಿಡಿಗೇಡಿ ಆಟವಿತ್ತು. ಮಾತಾಡುತ್ತಿರುವಾಗ ನಡುವೆ ಧ್ವನಿ ತೆಗೆದುಬಿಡುವುದು. ತುಟಿ ಆಡುತ್ತದೆ, ಹುಬ್ಬು ಏರುತ್ತದೆ, ಕೈ ತಿರುಗುತ್ತದೆ, ಶಬ್ದ ಮಾತ್ರ ಇಲ್ಲ. ಎದುರಿನವರು ಗಾಬರಿಯಾಗಿ ಕಿವಿಯೊಳಗೆ ಬೆರಳು ಹಾಕಿ ಅಲುಗಿಸಿಕೊಳ್ಳುತ್ತಾರೆ. "ಎಂತ? ಎಂತ ಹೇಳ್ದೆ?" ಎನ್ನುತ್ತಾರೆ. ಟಪಾಲಿನವನು ಕುಮಟೆಗೆ ಹೋಗಿ ಡಾಕ್ಟರಲ್ಲಿ ಕಿವಿ ತೊಳೆಸಿಕೊಂಡು ಬಂದ. ವಾಪಸು ಬಂದವನಿಗೆ ಮತ್ತೆ ಅದನ್ನೇ ಮಾಡಿದೆ. ಅವನು ಡಾಕ್ಟರನ್ನು ಬೈಯುತ್ತ ಪುನಃ ಮೋಟಾರು ಹತ್ತಿದ. ಊರೆಲ್ಲ ಈ ಬಲೆಗೆ ಬಿದ್ದಿತ್ತು. ಉಳಿದವರು ಹಾಸ್ಯಗಾರರು ಒಬ್ಬರೇ.

ಒಂದು ಬೆಳಿಗ್ಗೆ ಸ್ಟ್ಯಾಂಡಿನ ಎದುರಿನ ಚಾ ಹೋಟೆಲಿನಲ್ಲಿ ಅವರು ಚಾ ಕುಡಿಯುತ್ತ ಕೂತಿದ್ದರು. ಹತ್ತು ಜನರಿಗೆ ಮೊದಲೇ ಹೇಳಿಟ್ಟು ನಾನು ಎದುರಿಗೆ ಹೋಗಿ ಕೂತೆ. ಎಲ್ಲರೂ ಉಸಿರು ಬಿಗಿಹಿಡಿದಿದ್ದರು. ನಾನು ತುಟಿಯಲ್ಲೇ, ಕೂದಲೆಳೆಯಷ್ಟೂ ಶಬ್ದ ಬಿಡದೆ ಕೇಳಿದೆ: "ಹಾಸ್ಯಗಾರರೇ, ನಿನ್ನೆ ರಂಗದಲ್ಲಿ ನಿಮ್ಮ ಸೊಂಟದ ಪಂಜಿ ಜಾರಿತ್ತಂತೆ, ಹೌದಾ?"

ಅವರು ಕಪ್ಪು ಕೆಳಗಿಟ್ಟು ತಮ್ಮ ಎಂದಿನ ಗಟ್ಟಿ ಧ್ವನಿಯಲ್ಲಿ ಹೇಳಿದರು: "ಜಾರಿದ್ದು ಪಂಜಿ ಅಲ್ಲ ಮಾರಾಯಾ, ಭಾಗವತರ ತಾಳ. ಅದನ್ನ ಹಿಡಿಯೂಕೆ ಹೋಗಿ ನಾ ಪಂಜಿ ಬಿಟ್ಟೆ."

ಹೋಟೆಲು ಹಾರಿಹೋಗುವಷ್ಟು ನಗು. "ಏಜೆಂಟಾ, ಸೋತೆಯಲ್ಲಾ! ಗುರು ಸಿಕ್ಕಿದ್ರು ನೋಡು ನಿಂಗೆ!" ಎಂದು ಯಾರೋ ನನ್ನ ಬೆನ್ನಿಗೆ ಗುದ್ದಿದರು. ನಾನೂ ನಕ್ಕೆ. ನಗುನಗುತ್ತಲೇ ಅವರ ಮುಖ ನೋಡಿದೆ. ಬಲೆಯಿಂದ ತಪ್ಪಿಸಿಕೊಂಡವರ ಮುಖದಲ್ಲಿ ಒಂದು ಮಿಂಚು ಇರಬೇಕಲ್ಲ, ಅದು ಅವರ ಮುಖದಲ್ಲಿ ಇರಲಿಲ್ಲ. ಅಲ್ಲಿ ಬಲೆ ಇತ್ತೆಂಬುದೇ ಅವರಿಗೆ ಗೊತ್ತಿರಲಿಲ್ಲ.

ಹೆಗಲ ಮೇಲಿನ ಪಂಚೆಯಿಂದ ಬೆವರು ಒರೆಸುವವನ ಹಾಗೆ ಬಾಯಿ ಮುಚ್ಚಿಕೊಂಡೆ. ಒಳಗಿನಿಂದ ಗಟ್ಟಿಯಾಗಿಯೇ ಹೇಳಿದೆ: "ಹಾಸ್ಯಗಾರರೇ, ನಿಮ್ಮ ಚಾದಲ್ಲಿ ನೊಣ ಬಿದ್ದದೆ."

ಆಚೆ ಮೇಜಿನವನು ತಿರುಗಿ ತನ್ನ ಕಪ್ಪು ನೋಡಿಕೊಂಡ. ನಮ್ಮ ಹಾಸ್ಯಗಾರರು ನನ್ನ ಹಣೆ ನೋಡುತ್ತ ನಿಶ್ಚಿಂತೆಯಿಂದ ಚಾ ಗುಟುಕರಿಸಿದರು.

ಈ ಮನುಷ್ಯ ಮೂರು ತಾಲೂಕುಗಳನ್ನು ನಗಿಸುವುದೇ ಕೇಳಿಸಿಕೊಂಡು. ಕೇಳಿಸಿಕೊಳ್ಳುವ ಕಿವಿಯೇ ಇಲ್ಲವೆಂದರೆ, ಇಷ್ಟು ದಿನ ನಡೆದದ್ದಾದರೂ ಏನು?

ಅರ್ಧ ಗಂಟೆಯ ನಂತರ ಅವರು ಸ್ಟ್ಯಾಂಡಿಗೆ ಬಂದು ನನ್ನ ಕಿಟಕಿಯ ಮುಂದೆ ನಿಂತರು. "ಏಜೆಂಟಾ, ಪಂಜಿಯ ಮಾತು ಕೇಳುವಾಗ ನಿನ್ನ ಗಂಟಲಿನ ಗಂಟು ಅಲುಗಲಿಲ್ಲ. ನಾ ತಡವಾಗಿ ನೆನಪು ಮಾಡ್ಕಂಡೆ." ಆಮೇಲೆ ಸ್ವಲ್ಪ ಬಗ್ಗಿ ಹೇಳಿದರು: "ಯಾರಿಗೂ ಹೇಳಬ್ಯಾಡ. ಯಜಮಾನರಿಗೆ ಗೊತ್ತಾದ್ರೆ ಮೇಳದಲ್ಲಿ ನಂಗೆ ಜಾಗ ಇಲ್ಲ. ಮೇಳ ಬಿಟ್ರೆ ನಾ ಎಂತ? ನಾಲ್ಕು ಮಾತು ಹೆಚ್ಚು ಆಡುವ ಮುದುಕ."

ಎರಡು ವರ್ಷದ ಹಿಂದಿನ ಮಳೆಗಾಲದಲ್ಲಿ ಅವರಿಗೆ ಕಡು ಜ್ವರ ಬಂದಿತ್ತಂತೆ. ಜ್ವರ ಬಿಟ್ಟಿತು, ಕಿವಿಯಲ್ಲಿ ಜೀರುಂಡೆ ಕೂಗಲು ಶುರುವಾಯಿತು. ಜೀರುಂಡೆ ನಿಂತ ದಿನ ಜಗತ್ತೂ ನಿಂತಿತು. ಅಂದಿನಿಂದ ಅವರು ಕಣ್ಣಿನಿಂದಲೇ ಕೇಳುತ್ತಿದ್ದರು. ಡೇರೆ ಮೇಳದ ರಂಗಕ್ಕೆ ಹಲಗೆ ಹಾಸಿರುತ್ತಾರೆ. ಚಂಡೆಯ ಪೆಟ್ಟು, ಎದುರಿನವರ ಹೆಜ್ಜೆ ಹಲಗೆಯಿಂದ ಹಿಮ್ಮಡಿಗೆ ಬರುತ್ತದೆ. ಅದಕ್ಕೇ ಬರಿಗಾಲು, ನೆಲ ಸವರುವುದು. ಹಲಗೆ ಇಲ್ಲದ ರಂಗಕ್ಕೆ ಬರುವುದಿಲ್ಲ ಎಂದು ಅವರು ಹಟ ಮಾಡಿದಾಗ ಮೇಳದಲ್ಲಿ ಎಲ್ಲರೂ ಸೊಕ್ಕು ಎಂದಿದ್ದರು. ನಾನೂ ಆ ಸೊಕ್ಕನ್ನು ಅಣಕಿಸಿ ಚಪ್ಪಾಳೆ ಗಿಟ್ಟಿಸಿದವನೇ.

"ಮತ್ತೆ ನನ್ನ ಹತ್ರವೇ ಸುದ್ದಿಗೆ ಬರೂದು?" ಎಂದೆ.

"ಊರವರೆಲ್ಲ ಬಾಯಿ ಮುಚ್ಕಂಡು ಮಾತಾಡ್ತಾರೆ. ನೀ ಒಬ್ಬ ಬಾಯಿ ತೆರೆದು ಮಾತಾಡ್ತೆ. ಅದೂ ಯಾರ ಮಾತು ಹೇಳ್ತೆ ಅವರ ಮುಖವನ್ನೂ ಹಾಕ್ಕಂಡು. ಹಲ್ಲು ಮಾತ್ರ ಸ್ವಲ್ಪ ಅಡ್ಡ ಬತ್ತದೆ."

ನನ್ನ ಸುದ್ದಿಯ ರುಚಿಗೆ ಬರುತ್ತಾರೆಂದು ಎರಡು ವರ್ಷ ಬೀಗಿದ್ದೆ. ಅವರು ಬಂದದ್ದು ನನ್ನ ಬಾಯಿ ದೊಡ್ಡದೆಂದು.

ಅವತ್ತಿನಿಂದ ಆ ಗುಟ್ಟಿಗೆ ನಾನೂ ಪಾಲುದಾರ. ಆ ಗುಟ್ಟು ಎಷ್ಟು ದೊಡ್ಡ ಮನೆಯನ್ನು ನುಂಗಿ ಕೂತಿದೆ ಎಂದು ಗೊತ್ತಾದದ್ದು ಮಾತ್ರ ಅವರ ಊರು ಕಾಗಾಲದಲ್ಲಿ. ಮೇಳ ಭಟ್ಕಳದ ಕಡೆ ಇದ್ದಾಗ, ಮನೆಯಲ್ಲಿ ಬಿಟ್ಟುಬಂದ, ದಾರದಿಂದ ಕಟ್ಟುವ ವೇಷದ ಕಸೆ ಅಂಗಿಯನ್ನು ತಂದುಕೊಡು ಎಂದು ಅವರು ಹೇಳಿಕಳಿಸಿದರು. ಕುಮಟೆಗೆ ಮೋಟಾರಿನಲ್ಲಿ ಹೋಗಿ, ಅಲ್ಲಿಂದ ಕಾಗಾಲಕ್ಕೆ ನಡೆದೆ. ಅವರ ಹೆಂಡತಿ ಒಲೆಯ ಮುಂದೆ ಕೂತಿದ್ದರು. ಅಂಗಿ ಕೊಟ್ಟರು, ಗಂಜಿ ಬಡಿಸಿದರು. ತಿರುಗಿ ಒಲೆಗೆ ಮುಖ ಮಾಡಿ ಕೂತು, ಬೆಂಕಿಯ ಹತ್ತಿರ ಮಾತಾಡುವವರ ಹಾಗೆ ಕೇಳಿದರು:

"ತಮ್ಮಾ, ಅವರು ನಿನ್ನ ಹತ್ರ ಮಾತಾಡ್ತ್ರಾ?"

"ಮಾತಾಡ್ದೆ ಎಂತ ಅಮ್ಮಾ! ಬಾಯಿ ಮುಚ್ಚುವವರಲ್ಲ."

"ನನ್ನ ಹತ್ರ ಎರಡು ವರ್ಷ ಆತು ಮಾತು ಬಿಟ್ಟು. ನಾ ಇಲ್ಲಿ ಕೂತು ಹತ್ತು ಸಲ ಕರೆದ್ರೂ ಹೂಂ ಅನ್ನೂದಿಲ್ಲ. ಊರನ್ನೆಲ್ಲ ನಗಿಸ್ತ್ರು, ಮನೆಗೆ ಬಂದ್ರೆ ಕಲ್ಲು. ಆಮೇಲೆ ನಾನೂ ಬಿಟ್ಟೆ." ಕಟ್ಟಿಗೆಯನ್ನು ಒಳಗೆ ತಳ್ಳಿದರು. "ನಾ ಎಂತ ತಪ್ಪು ಮಾಡ್ದೆ ಹೇಳಿ ಕೇಳೂಕೂ ಮರ್ಯಾದೆ ಬಿಡೂದಿಲ್ಲ. ನೀ ಒಮ್ಮೆ ಕೇಳ್ತ್ಯಾ?"

ಬಾಗಿಲಿಗೆ ಬೆನ್ನು ಹಾಕಿ, ಒಲೆಗೆ ಮುಖ ಮಾಡಿ ಕೂತ ಹೆಂಗಸು ಎರಡು ವರ್ಷ ತನ್ನ ಗಂಡನನ್ನು ಬೆನ್ನಿನಿಂದ ಕರೆದಿದ್ದರು. ಹೇಳಿಬಿಡೋಣ ಎಂದು ಬಾಯಿ ತೆರೆದೆ. ಮಾತು ಕೊಟ್ಟದ್ದು ನೆನಪಾಯಿತು. ಆ ದಿನ ಕಾಗಾಲದಲ್ಲಿ ನನ್ನ ಬಾಯಿಯೂ ಬರೀ ಅಲುಗಿತು, ಶಬ್ದ ಬರಲಿಲ್ಲ.

ಭಟ್ಕಳಕ್ಕೆ ಹೋಗಿ ಅಂಗಿ ಕೊಟ್ಟು ಜಗಳವಾಡಿದೆ. "ಅವರಿಗಾದ್ರೂ ಹೇಳಿ! ನಿಮಗೆ ಕಲ್ಲು ಹೇಳಿ ಹೆಸರು ಬಿದ್ದದೆ ಮನೆಯಲ್ಲಿ."

ಹಾಸ್ಯಗಾರರು ಅಂಗಿಯ ಕಸೆಯನ್ನು ಬೆರಳಿಗೆ ಸುತ್ತಿಕೊಂಡರು. "ನನ್ನ ಹೆಂಡ್ತಿ ಗಂಡ ಸಿಟ್ಟು ಮಾಡ್ಕಂಡ ಹೇಳಿ ಅಳ್ತದೆ, ಆದ್ರೂ ತಲೆ ಎತ್ತಿ ಇದ್ದದೆ. ಗಂಡ ಕಿವುಡ, ಕೆಲಸ ಹೋಪವ ಅಂದ್ರೆ ತಲೆ ಕೆಳಗೆ ಹಾಕ್ತದೆ. ಮೇಳ ಒಂದು ಉಳೀಲಿ ಮಾರಾಯಾ. ಆಮೇಲೆ ಹೇಳ್ತೆ."

ಆ ವರ್ಷದ ತಿರುಗಾಟ ಮುಗಿಯುವಾಗ ಯಜಮಾನರಿಗೆ ಸಂಶಯ ಬಂದಿತ್ತು. ಮೇಳದ ಯಜಮಾನರು ಹೊನ್ನಾವರದವರು. ಮಾತು ಕಡಿಮೆ, ಮೂಗಿನ ತುದಿಗೆ ಕನ್ನಡಕ, ಎಲ್ಲವನ್ನೂ ಅದರ ಮೇಲಿನಿಂದ ನೋಡುವವರು. ಮಳೆಗಾಲದಲ್ಲಿ ಆಟ ಇಲ್ಲ, ತಾಳಮದ್ದಳೆ ಇರುತ್ತದೆ. ವೇಷವಿಲ್ಲ, ಕುಣಿತವಿಲ್ಲ, ಹಲಗೆಯೂ ಇಲ್ಲ. ಕಲಾವಿದರು ಚಾಪೆಯ ಮೇಲೆ ಎದುರುಬದುರು ಕೂತು ಬರೀ ಮಾತಿನಲ್ಲೇ ಕಥೆ ನಡೆಸಬೇಕು. ಒಂದು ಆದಿತ್ಯವಾರ ಮಧ್ಯಾಹ್ನ ಕುಮಟೆಯ ಒಬ್ಬ ವ್ಯಾಪಾರಿಗಳ ಮನೆಯ ಚಾವಡಿಯಲ್ಲಿ ತಾಳಮದ್ದಳೆ ಇಟ್ಟು, ಯಜಮಾನರು ಹಾಸ್ಯಗಾರರನ್ನು ದೂತನ ಪಾತ್ರಕ್ಕೆ ಕರೆದರು. ರಾಜನ ಪಾತ್ರಕ್ಕೆ ಕುಮಟೆಯ ಒಬ್ಬ ವಕೀಲರು. ಅದು ಪರೀಕ್ಷೆ ಎಂದು ನಮಗೆ ಗೊತ್ತಿತ್ತು.

"ಹೋಗಬೇಡಿ. ಜ್ವರ ಹೇಳಿ" ಎಂದೆ.

"ಎಷ್ಟು ವರ್ಷ ಜ್ವರ?" ಎಂದರು. ಆಮೇಲೆ ನನ್ನ ಹಲ್ಲನ್ನೇ ನೋಡುತ್ತ, "ಒಂದು ಉಪಾಯ ಇದ್ದದೆ. ವಕೀಲರ ಬಾಯಿ ಮೀಸೆಯೊಳಗೆ ಇದ್ದದೆ, ಕಾಣೂದಿಲ್ಲ. ನೀ ನನ್ನ ಎದುರಿನ ಕಂಬಕ್ಕೆ ಒರಗಿ ಕೂತ್ಕ. ಅವರು ಹೇಳಿದ್ದನ್ನ ಬಾಯಲ್ಲಿ ಆಡು, ಶಬ್ದ ಬ್ಯಾಡ. ಊರನ್ನೆಲ್ಲ ಅದ್ರಿಂದ ಸತಾಯಿಸ್ದೆ. ಒಂದು ದಿನ ಉಪಕಾರ ಮಾಡು" ಎಂದರು.

ಹದಿನೈದು ದಿನ ತಾರಿಯ ದಂಡೆಯಲ್ಲಿ ಕೂತು ಅಭ್ಯಾಸ ಮಾಡಿದೆವು. ನನ್ನ ಜೀವಮಾನದಲ್ಲಿ ಅಷ್ಟು ಶ್ರದ್ಧೆಯಿಂದ ನಾನು ಇನ್ನೇನನ್ನೂ ಕಲಿತಿಲ್ಲ.

ಆ ದಿನ ಮಳೆ ಹೆಂಚಿನ ಮೇಲೆ ಮುಷ್ಟಿಮುಷ್ಟಿಯಾಗಿ ಬಡಿಯುತ್ತಿತ್ತು. ಚಾವಡಿಯಲ್ಲಿದ್ದ ನೂರು ಜನರೂ ಕಿವಿಗೆ ಕೈ ಕೊಟ್ಟು ಕೂತಿದ್ದರು. ಆ ಹೊತ್ತಿನಲ್ಲಿ ಮಾತು ಪೂರಾ ಮುಟ್ಟುತ್ತಿದ್ದದ್ದು ಕಿವುಡರೊಬ್ಬರಿಗೇ. ಮೂರನೇ ಕಂಬದ ಬುಡದಲ್ಲಿ ಕೂತು ನಾನು ವಕೀಲರಾಗಿದ್ದೆ: ಎದೆ ಉಬ್ಬಿಸಿ, ಶಾಲು ಸರಿಸಿ, ಮಾತಿಗೆ ಮೊದಲು ಗಂಟಲು ಕೆರೆದು, ಎಲ್ಲವೂ ನಿಶ್ಶಬ್ದವಾಗಿ.

"ದೂತನೇ, ನಮ್ಮ ರಾಜ್ಯದ ಪ್ರಜೆಗಳು ಸುಖವಾಗಿರುವರೇ?" ಎಂದು ವಕೀಲರು ಕೇಳಿದರು.

"ಪರಮ ಸುಖ ಮಹಾಪ್ರಭು. ಲಾಂಚು ಕೆಟ್ಟು ಮೂರು ದಿನ. ಆಚೆಯವರ ನೆಂಟರು ಈಚೆಗೆ ಬಾರದೆ ಈಚೆಯವರು ಸುಖ, ಈಚೆಯ ನೆಂಟರು ಹೋಗದೆ ಆಚೆಯವರು ಸುಖ."

ಜನ ಮಳೆಗಿಂತ ಗಟ್ಟಿಯಾಗಿ ನಕ್ಕರು. ಯಜಮಾನರ ಕನ್ನಡಕ ನಾಲ್ಕು ಬೆರಳು ಮೇಲೇರಿತು. ಮುಕ್ಕಾಲು ಗಂಟೆ ಹೀಗೇ ನಡೆಯಿತು. ಮಾತು ಹಿಡಿದು ಎಸೆಯುವ ಅವರ ಕೈ ಒಮ್ಮೆಯೂ ತಪ್ಪಲಿಲ್ಲ. ಪರೀಕ್ಷೆ ಪಾಸಾಯಿತು ಎಂದು ನನ್ನೊಳಗೆ ಕುಣಿಯುತ್ತಿದ್ದೆ. ಆ ಕುಣಿತವೇ ಕೆಡಿಸಿತು.

ವಕೀಲರು ಶಾಲು ಸರಿಸಿ ಕೇಳಿದರು: "ಗಡಿಯಲ್ಲಿ ಬೀಡುಬಿಟ್ಟ ಶತ್ರುಸೈನ್ಯವು ನಮ್ಮನ್ನು ಕಂಡರೆ ಓಡುವುದೋ, ನಿಲ್ಲುವುದೋ?" ಶಾಲು ಸರಿದಾಗ ಅವರ ಹೊಟ್ಟೆ ಪೂರಾ ಹೊರಗೆ ಬಂತು. ನಾನು ಅವರ ಮಾತನ್ನು ತುಟಿಯಲ್ಲಿ ಆಡಿದೆ. ಅಲ್ಲಿಗೆ ನಿಲ್ಲಿಸಬೇಕಿತ್ತು. ಹುಟ್ಟಿ ಇಪ್ಪತ್ತೆರಡು ವರ್ಷ ಎಲ್ಲಿಯೂ ಅಲ್ಲಿಗೇ ನಿಲ್ಲಿಸದ ಬಾಯಿ ನನ್ನದು. ಹಾಸ್ಯಗಾರರನ್ನು ನಗಿಸೋಣ ಎಂದು, ಹೊಟ್ಟೆ ಸವರಿಕೊಂಡು, ವಕೀಲರ ಮುಖದಲ್ಲೇ ಒಂದು ಬಾಲ ಸೇರಿಸಿದೆ: "ನಮ್ಮ ಈ ಹೊಟ್ಟೆಯನ್ನು ಕಂಡರೆ?"

ಹಾಸ್ಯಗಾರರಿಗೆ ಅದು ರಾಜನದೇ ಮಾತು. ಕೈ ಮುಗಿದು ಹೇಳಿದರು: "ಪ್ರಭುಗಳು ಬಾಯಿಬಿಟ್ಟು ಕೇಳಿದ್ದರಿಂದ ಹೇಳುತ್ತೇನೆ. ಆ ಹೊಟ್ಟೆ ಕಂಡರೆ ಶತ್ರು ಓಡುವುದಿಲ್ಲ. ಇಲ್ಲೆಲ್ಲೋ ಊಟ ನಡೆದಿದೆ ಎಂದು ಎಲೆ ಹಾಕಿಕೊಂಡು ಕೂರುತ್ತಾನೆ."

ಚಾವಡಿ ಒಮ್ಮೆ ಭೋರೆಂದು ನಕ್ಕಿತು. ವಕೀಲರು ನಗಲಿಲ್ಲ. ಅವರ ಮುಖ ಕೆಂಪಾಯಿತು. ರಾಜನನ್ನು ಬಿಟ್ಟು ವಕೀಲರೇ ಕೇಳಿದರು: "ನಾನು ಹೊಟ್ಟೆಯ ಮಾತು ಎತ್ತಿದ್ದೆನೇ? ನಾನು ಕೇಳಿದ್ದೇನು, ಹೇಳಿ ನೋಡುವಾ!"

ಹಾಸ್ಯಗಾರರು ನನ್ನ ಕಡೆ ನೋಡಿದರು.

ನನ್ನ ಬಾಯಿ ಆಡಲಿಲ್ಲ. ಆಡಿಸಲು ನೋಡಿದೆ, ದವಡೆ ಕಟ್ಟಿಹೋಗಿತ್ತು. ಮೂರು ತಾಲೂಕಿನವರ ಧ್ವನಿಯನ್ನು ಬಾಡಿಗೆಗೆ ಇಟ್ಟುಕೊಂಡವನಿಗೆ ಒಂದು ತುಟಿ ಎತ್ತಲು ಆಗಲಿಲ್ಲ. "ಹೇಳಿ, ಹೇಳಿ!" ಎಂದು ವಕೀಲರು ಮೀಸೆಯೊಳಗಿಂದ ಕೂಗುತ್ತಿದ್ದರು. ಹಾಸ್ಯಗಾರರ ಕಣ್ಣು ನನ್ನ ಬಾಯಿಯ ಮೇಲೇ ಇತ್ತು, ಕಾಯುತ್ತ. ನಗು ಒಂದೊಂದೇ ಕಂಬದಿಂದ ಆರುತ್ತ ಬಂತು. ಕೊನೆಗೆ ಮಳೆಯೊಂದೇ ಉಳಿಯಿತು.

ಆಗ ಅವರು ಸಾವಕಾಶ ವಕೀಲರ ಕಡೆ ತಿರುಗಿ, ದೂತನ ಧ್ವನಿಯಲ್ಲೇ ಹೇಳಿದರು: "ಮಹಾಪ್ರಭು, ನಿಜ ಅರಿಕೆ ಮಾಡುತ್ತೇನೆ. ನನ್ನ ಸ್ವಂತ ಕಿವಿಗಳು ಎರಡು ವರ್ಷದ ಹಿಂದೆಯೇ ನನ್ನನ್ನು ಬಿಟ್ಟು ಹೋದವು. ಇವತ್ತು ಹಾಕಿಕೊಂಡು ಬಂದದ್ದು ಎರವಲು ಕಿವಿ. ಅಗೊ, ಮೂರನೇ ಕಂಬದ ಬುಡದಲ್ಲಿ ಕೂತಿದ್ದಾವೆ, ಹಲ್ಲು ಸಮೇತ. ಎರವಲು ತಂದದ್ದು ಅಳತೆಗೆ ಕೂರಲಿಲ್ಲವಾದರೆ ತಪ್ಪು ಕಿವಿಯದಲ್ಲ, ತಂದವನದು. ಶಿಕ್ಷೆ ನನಗಾಗಲಿ."

ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಎಂಥಾ ಕಲ್ಪನೆ, ಎಂಥಾ ಚಾತುರ್ಯ! ವಕೀಲರೂ ಕೊನೆಗೆ ನಕ್ಕುಬಿಟ್ಟರು. ಅವರು ಆಡಿದ್ದು ಅಕ್ಷರಶಃ ನಿಜವೆಂದು ನೂರು ಜನರಲ್ಲಿ ಒಬ್ಬರೂ ನಂಬಲಿಲ್ಲ. ಚಪ್ಪಾಳೆ ತಟ್ಟದವರು ಇಬ್ಬರೇ, ನಾನು ಮತ್ತು ಯಜಮಾನರು.

ಮುಗಿದ ಮೇಲೆ ಜಗಲಿಯಲ್ಲಿ ಕೊಡೆ ಬಿಡಿಸುತ್ತಿದ್ದ ಹಾಸ್ಯಗಾರರನ್ನು ಯಜಮಾನರು ಹಿಂದಿನಿಂದ ಕರೆದರು. "ಹಾಸ್ಯಗಾರರೇ." ಇನ್ನೊಮ್ಮೆ, ಗಟ್ಟಿಯಾಗಿ. ಮೂರನೆಯ ಸಲ ಕೂಗಿಯೇ ಕರೆದರು; ಅಂಗಳದಲ್ಲಿದ್ದವರೆಲ್ಲ ತಿರುಗಿ ನೋಡಿದರು. ಹಾಸ್ಯಗಾರರು ಕೊಡೆ ಬಿಡಿಸಿ ಮೆಟ್ಟಿಲಿಳಿದು ಹೋದರು. ಯಜಮಾನರು ಕನ್ನಡಕ ತೆಗೆದು ಶಾಲಿನಲ್ಲಿ ಒರೆಸಿದರು. ಒರೆಸುತ್ತಲೇ ಇದ್ದರು.

ನಾನು ಓಡಿಹೋಗಿ ಕೊಡೆಯೊಳಗೆ ಸೇರಿದೆ. ಇಬ್ಬರೂ ಮೋಟಾರ್ ಸ್ಟ್ಯಾಂಡಿನವರೆಗೆ ನಡೆದೆವು. ಬೈಯಲಿ, ಕೊಡೆಯಿಂದ ಬಡಿಯಲಿ ಎಂದು ಕಾಯುತ್ತಿದ್ದೆ. ಸ್ಟ್ಯಾಂಡಿನ ಮಾಡಿನ ಕೆಳಗೆ ನಿಂತು ಅವರು ನನ್ನ ಬಾಯಿ ನೋಡಿದರು.

"ಆ ಹೊಟ್ಟೆಯ ಮಾತು ನಿಂದೇ ಅಲ್ದಾ?"

ಹೌದೆಂದು ತಲೆಯಾಡಿಸಿದೆ.

"ಚಲೋ ಇತ್ತು" ಎಂದರು. "ಜಾಗ ತಪ್ತು, ಅಷ್ಟೇ. ಮಾತು ಚಲೋ ಇತ್ತು."

ನಾನು ಮೋಟಾರಿನ ಚಕ್ರದ ಪಕ್ಕ ಕುಕ್ಕರಗಾಲಲ್ಲಿ ಕೂತು ಅತ್ತೆ. ಕುಮಟೆಯ ಏಜೆಂಟ ಅದನ್ನೂ ನನ್ನ ಹೊಸ ಅಣಕವೆಂದು ತಿಳಿದು, "ಯಾರದು ಮಾರಾಯಾ ಇದು, ಯಾರದು?" ಎಂದು ಕೇಳುತ್ತಿದ್ದ.

ಯಜಮಾನರು ಜಗಲಿಯಲ್ಲಿ ಮೂರು ಸಲ ಕೂಗಿದ ಸುದ್ದಿ ಕಾಗಾಲಕ್ಕೆ ಹಾಸ್ಯಗಾರರಿಗಿಂತ ಮೊದಲು ಮುಟ್ಟಿತ್ತು. ಮಾರನೆಯ ದಿನ ನಾನು ಹೆದರುತ್ತ ಹೋದಾಗ ಆ ಮನೆಯಲ್ಲಿ ದೊಡ್ಡ ಗಲಾಟೆ. ಅವರ ಹೆಂಡತಿ ಗಂಡನ ಗಲ್ಲವನ್ನು ಎರಡೂ ಕೈಯಿಂದ ಹಿಡಿದು, ಮುಖವನ್ನು ತಮ್ಮ ಕಡೆ ತಿರುಗಿಸಿಕೊಂಡು ಬೈಯುತ್ತಿದ್ದರು. ಎರಡು ವರ್ಷದ ಬೈಗುಳ, ಒಂದೂ ಬಿಡದೆ. "ನಾ ಯಾರು ನಿಮಗೆ? ನಾ ದಾರಿಹೋಕಳಾ? ಕೇಳ್ತ್ರಾ? ಕೇಳ್ತದ್ಯಾ?" ಹಾಸ್ಯಗಾರರ ಕಣ್ಣಿಂದ ನೀರು ಹೆಂಡತಿಯ ಬೆರಳ ಮೇಲೆ ಇಳಿಯುತ್ತಿತ್ತು. ಅವರು ಹೇಳಿದ್ದು ಒಂದೇ ಮಾತು: "ಕೇಳ್ತದೆ, ಕೇಳ್ತದೆ. ಸ್ವಲ್ಪ ಸಾವಕಾಶ ಬೈಯಿ." ಅಳುತ್ತ ಬೈಯುತ್ತಿದ್ದ ಅಮ್ಮ ನಕ್ಕುಬಿಟ್ಟರು. ಮುಂದಿನ ಸಲ ಹೋದಾಗ ಅಡುಗೆಮನೆಯ ಒಲೆಯನ್ನೇ ಒಡೆದು, ಕೂತವರ ಮುಖ ಬಾಗಿಲಿಗೆ ಬರುವ ಹಾಗೆ ಹೊಸದಾಗಿ ಹಾಕಿದ್ದರು.

ಮೇಳದಲ್ಲಿ ಮಾತ್ರ ಅವರಿಗೆ ಜಾಗ ಉಳಿಯಲಿಲ್ಲ. ನವರಾತ್ರಿ ಕಳೆದ ಮೇಲೆ ಯಜಮಾನರು ಸ್ಟ್ಯಾಂಡಿಗೆ ಬಂದು ನನ್ನ ಕಿಟಕಿಯ ಮುಂದೆ ನಿಂತರು. ನಾನು ಭಟ್ಕಳದ ಟಿಕೆಟು ಬರೆಯಲು ಪೆನ್ನು ತೆಗೆದೆ.

"ಟಿಕೆಟು ಬ್ಯಾಡ. ಮೇಳಕ್ಕೆ ಹಾಸ್ಯಗಾರ ಬೇಕು. ನಿನ್ನನ್ನ ತಗಳ್ಳಿ ಹೇಳಿ ಅವರೇ ಹೇಳಿದ್ರು."

"ಯಾರು?"

"ಇನ್ಯಾರು! ನನ್ನ ಮನೆಗೆ ಬಂದು ಹೇಳಿದ್ರು: ಇಷ್ಟು ವರ್ಷ ನನ್ನ ಕೆಲಸ ನೋಡಿದ್ರಿ. ಅಂವ ಒಂದು ತಾಸು ನನ್ನ ಕೆಲಸ, ವಕೀಲರ ಕೆಲಸ ಎರಡನ್ನೂ ಬಾಯಿ ಶಬ್ದ ಮಾಡದೆ ಮಾಡ್ದ. ಹೊಟ್ಟೆಯ ಮಾತೂ ಅಂವಂದೇ."

ಯಾವ ಮಾತಿನಿಂದ ಅವರ ಅನ್ನ ಕಳೆದೆನೋ ಅದೇ ಮಾತನ್ನು ಅವರು ನನಗೆ ಶಿಫಾರಸು ಮಾಡಿದ್ದರು. ಬರುವುದಿಲ್ಲ ಎಂದು ಕಾಗಾಲಕ್ಕೆ ಹೋಗಿ ಹೇಳಿದೆ. ಅವರಿಗೆ ನಿಜವಾಗಿ ಸಿಟ್ಟು ಬಂದದ್ದು ಅವತ್ತೊಂದೇ ದಿನ. "ಜಾಗ ತಪ್ಪಿಸ್ದವ ನೀನು. ಜಾಗದಲ್ಲಿ ನಿಲ್ಲುವವ ಇನ್ಯಾರು? ನನ್ನ ಅಪ್ಪನಾ?"

ನನ್ನ ಮೊದಲ ಆಟ ಭಟ್ಕಳದಲ್ಲಿ. ಹಾಸ್ಯಗಾರರು ಹೆಂಡತಿಯನ್ನು ಕರೆದುಕೊಂಡು, ತಾರಿ ದಾಟಿ ಬಂದು, ಡೇರೆಯಲ್ಲಿ ಎಡಗಡೆಯ ಮೊದಲ ಸಾಲಿನಲ್ಲಿ ಕೂತಿದ್ದರು. ನಾನು ರಂಗಕ್ಕೆ ಬಂದೆ. ರಾಜ ಏನೋ ಕೇಳಿದ. ನನ್ನ ಗಂಟಲಲ್ಲಿದ್ದ ಡಾಕ್ಟರು, ಸಾಹೇಬರು, ಮಾಸ್ತರರು ಎಲ್ಲರೂ ಬಿಡಾರ ಕಿತ್ತುಕೊಂಡು ಓಡಿದ್ದರು. ಎಡಗಡೆ ನೋಡಿದೆ. ಅವರು ಕತ್ತು ಮುಂದೆ ಚಾಚಿ ನನ್ನ ಬಾಯಿ ನೋಡುತ್ತಿದ್ದರು. ಅವರಿಗೆ ಕಾಣಲಿ ಎಂದು ಆ ಕಡೆ ತಿರುಗಿ, ರಾಜ ಕೇಳಿದ್ದನ್ನು ಮೊದಲು ತುಟಿಯಲ್ಲಿ ಮಾತ್ರ ಆಡಿ ತೋರಿಸಿದೆ. ಅಷ್ಟು ಮಾಡುವಾಗ ನನಗೆ ಮೊದಲ ಬಾರಿ ಎದುರಿನವನ ಮಾತು ಪೂರಾ ಕೇಳಿಸಿತು. ಉತ್ತರ ತಾನೇ ಹೊರಗೆ ಬಿತ್ತು. ಜನ ನಕ್ಕರು. ಹಾಸ್ಯಗಾರರು ನಗಲಿಲ್ಲ; ಬರಿಗಾಲನ್ನು ನೆಲಕ್ಕೆ ಒತ್ತಿ, ಆ ನಗು ಹಿಮ್ಮಡಿಗೆ ಬರುತ್ತದೆಯೋ ಎಂದು ನೋಡುತ್ತಿದ್ದರು. ಬಂದಿರಬೇಕು. ಹೆಂಡತಿಯ ಕಡೆ ತಿರುಗಿ ಏನೋ ಹೇಳಿದರು. ಅವರಿಂದ ನಾನೂ ಸ್ವಲ್ಪ ಬಾಯಿ ಓದಲು ಕಲಿತಿದ್ದೆ. ಅವರು ಹೇಳಿದ್ದು, "ಆತು."

ಮೂರು ತಿರುಗಾಟ ಅವರು ಹೀಗೆ ಹೊನ್ನಾವರ, ಕುಮಟೆ, ಭಟ್ಕಳದ ಆಟಗಳಿಗೆಲ್ಲ ಬಂದು ಎಡಗಡೆ ಕೂತರು. ನಾಲ್ಕನೆಯದಕ್ಕೆ ಮೇಳ ಹೊರಡುವ ಮೊದಲೇ, ಒಂದು ಮಧ್ಯಾಹ್ನ, ಹೊಸ ಒಲೆಯ ಎದುರಿಗೆ ಕೂತು ಹೆಂಡತಿಯ ಮಾತು ನೋಡುತ್ತಿದ್ದವರು ಹಾಗೇ ಗೋಡೆಗೆ ಒರಗಿದರಂತೆ. ನಾನು ಹೋದಾಗ ಅಮ್ಮ ಅವರ ಮುಖದ ಎದುರಿಗೆ ಕೂತು ಇನ್ನೂ ಮಾತಾಡುತ್ತಲೇ ಇದ್ದರು, ಸಾವಕಾಶ, ತುಟಿ ಸರಿಯಾಗಿ ತೆರೆದು.

ಎರವಲು ತಂದವರೇ ಹೋದ ಮೇಲೆ ಈ ಕಿವಿಯನ್ನು ಯಾರ ಹತ್ತಿರ ತಿರುಗಿ ಕೇಳಲಿ? ಈಗಲೂ ನಾನು ರಂಗಕ್ಕೆ ಬಂದ ಕೂಡಲೇ ಎಡಗಡೆಯ ಮೊದಲ ಸಾಲಿಗೆ ಮುಖ ಮಾಡಿ, ರಾಜನ ಮೊದಲ ಮಾತನ್ನು ಶಬ್ದವಿಲ್ಲದೆ ಒಮ್ಮೆ ತುಟಿಯಲ್ಲಿ ಆಡುತ್ತೇನೆ. ಏಜೆಂಟನ ಹಳೆಯ ಆಟ ಶುರುವಾಯಿತು ಎಂದು ಡೇರೆಯ ಜನವೆಲ್ಲ ಕಿವಿಗೆ ಕೈ ಇಟ್ಟು, "ಎಂತ? ಎಂತ ಹೇಳ್ದೆ?" ಎಂದು ಕೂಗಿ ನಗುತ್ತಾರೆ. ಜನ ನಕ್ಕು ಮುಗಿಸಲಿ ಎಂದು ನಾನು ಕಾಯುತ್ತೇನೆ. ಆ ಮಾತು ಅವರಿಗೆ ಹೇಳಿದ್ದಲ್ಲ.